ಒಂಬತ್ತು ಪೊಟ್ಟಣ ಮಣ್ಣು

ವಿಜಯನಗರದ ಹೊಸ ಬಡಾವಣೆಗಳಲ್ಲಿ ಮನೆ ಕಟ್ಟಿದವರಿಗೆಲ್ಲ ಒಂದೇ ಗೋಳು. ಸೈಟು ಸಿಗುತ್ತದೆ, ಹೆಣಗಾಡಿದರೆ ಕಾವೇರಿ ನೀರೂ ಸಿಗುತ್ತದೆ, ಮಣ್ಣು ಮಾತ್ರ ಸಿಗುವುದಿಲ್ಲ. ಗುದ್ದಲಿ ಹಾಕಿದಲ್ಲೆಲ್ಲ ಜಲ್ಲಿ, ಸಿಮೆಂಟಿನ ಹೆಂಟೆ, ಗಾರೆಯವರ ಹರಿದ ಚಪ್ಪಲಿ. ಅಕ್ಷತಾಳ ಹಿತ್ತಲೂ ಅಂಥದ್ದೇ ಆಗಿತ್ತು. ಅಡುಗೆಮನೆಯ ಹಿಂಬಾಗಿಲು ತೆಗೆದರೆ ಎದುರಿಗೇ, ಮನೆಯ ದಕ್ಷಿಣಕ್ಕೆ, ಕಾಂಪೌಂಡಿನವರೆಗೆ ಒಂಬತ್ತಡಿಗೆ ಒಂಬತ್ತಡಿ ಜಾಗ. ಅವಳು ಆಳುಗಳನ್ನು ಹಿಡಿದು ಮೂರಡಿ ಆಳದವರೆಗೆ ಜಲ್ಲಿ ತೆಗೆಸಿದಳು. ಒಳ್ಳೆಯ ಕೆಮ್ಮಣ್ಣು ಎಲ್ಲಿ ಸಿಗುತ್ತದೆಂದು ಬೀದಿಯಲ್ಲೆಲ್ಲ ವಿಚಾರಿಸಿದಳು.

ಅದು ತಮ್ಮ ಸಿದ್ದಲಿಂಗಸ್ವಾಮಿಯ ಕಿವಿಗೆ ಬಿತ್ತು. ಫೋನಿನಲ್ಲೇ ರೇಗಿದ. "ಹೊರಗಿನ ಮಣ್ಣು ಯಾಕಕ್ಕ ತಗೋತೀಯ? ನಮ್ಮ ಹೊಲದ ಮಣ್ಣಿಲ್ವಾ? ಇನ್ನು ಹದಿನೈದು ದಿನಕ್ಕೆ ಲೇಔಟ್‌ನೋರು ಮಟ್ಟ ಮಾಡ್ತಾರೆ. ಅಷ್ಟರೊಳಗೆ ಎರಡು ಲೋಡು ಕಳಿಸ್ತೀನಿ ಬಿಡು."

ಸ್ವಂತ ಹೊಲದ ಮಣ್ಣೆಂದರೆ ಈ ವಂಶಕ್ಕೆ ಒಂದು ಗರ್ವ. ರಿಂಗ್ ರೋಡಿನ ಆಚೆಯ ಆ ಒಂದೂವರೆ ಎಕರೆಯಲ್ಲಿ ಕಲ್ಲು ನೆಟ್ಟರೂ ಚಿಗುರುತ್ತದೆ ಎಂದು ಅವರ ತಂದೆ ಪ್ರಭುಸ್ವಾಮಿಯವರು ಬಂದವರಿಗೆಲ್ಲ ಹೇಳುತ್ತಿದ್ದರು. ಎರಡೂವರೆ ವರ್ಷದ ಹಿಂದೆ ಅವರು ಲಿಂಗೈಕ್ಯರಾದಾಗ ಅದೇ ಹೊಲದ ಮೂಡಲ ಮೂಲೆಯಲ್ಲಿ ಮಣ್ಣು ಮಾಡಿದ್ದರು. ವರ್ಷ ತುಂಬುವುದರೊಳಗೆ ಮೇಲೆ ಕಲ್ಲಿನ ಗದ್ದುಗೆ ಕಟ್ಟಿಸುವುದಾಗಿ ಸಂಸ್ಕಾರ ಮಾಡಿಸಿದ ಅಯ್ಯನವರ ಮುಂದೆ ಮಕ್ಕಳು ಮಾತು ಕೊಟ್ಟಿದ್ದೂ ಆಗಿತ್ತು. ಕಟ್ಟಿಸಲಿಲ್ಲ. ಅಷ್ಟರಲ್ಲಿ ಹೊಲದ ವ್ಯಾಪಾರ ಕುದುರಿತ್ತು, ಗದ್ದುಗೆ ಎದ್ದರೆ ಕೊಳ್ಳುವವರು ಹಿಂದೆಗೆಯುತ್ತಾರೆ ಎಂಬ ಭಯ. 'ಈಗ ಬೇಡ, ವ್ಯಾಪಾರ ಮುಗೀಲಿ' ಎಂಬ ಮಾತು ಮೊದಲು ಯಾರ ಬಾಯಿಂದ ಬಂತು ಎಂಬುದನ್ನು ಅಕ್ಕ ತಮ್ಮ ಇಬ್ಬರೂ ಮತ್ತೆ ಎತ್ತಿರಲಿಲ್ಲ. ಕೊಂಡವರು ಆ ಮೂಲೆಯನ್ನು ಮುಟ್ಟುವುದಿಲ್ಲ ಎಂದಿದ್ದರು. ಮುಟ್ಟಿಲ್ಲ ಎಂದು ಸಿದ್ದು ಹೇಳುತ್ತಿದ್ದ. ಅಪ್ಪಾಜಿ ಅಲ್ಲಿ ನೆಮ್ಮದಿಯಾಗಿದ್ದಾರೋ ಇಲ್ಲವೋ ಎಂಬ ಮುಳ್ಳು ಅಕ್ಷತಾಳನ್ನು ಚುಚ್ಚುತ್ತಲೇ ಇತ್ತು, ಆದರೆ ಹೋಗಿ ನೋಡಲು ಅವಳಿಗೂ ಕಾಲು ಬಂದಿರಲಿಲ್ಲ.

ಮಣ್ಣು ಬಂತು. ಟ್ರ್ಯಾಕ್ಟರಿನ ಸಣ್ಣಮಾದಯ್ಯ ಎರಡು ಲೋಡನ್ನೂ ಬಾಗಿಲಲ್ಲಿ ಸುರಿದುಹೋದ. ಆಳುಗಳು ಬಾಂಡಲಿಯಲ್ಲಿ ಹೊತ್ತು ಹಿತ್ತಲು ತುಂಬಿದರು. ನೋಡಿದರೆ ಕಣ್ಣಿಗೆ ಹಬ್ಬ, ಅಷ್ಟು ನಯವಾದ ಮಣ್ಣು.

ಮೆಂತ್ಯ ಹುಟ್ಟಲೇ ಇಲ್ಲ. ದಂಟು ಹುಟ್ಟಿ, ಎಲೆಯ ಅಂಚೆಲ್ಲ ಕಾವಲಿಗೆ ತಾಗಿದಂತೆ ಕರಕಲಾಯಿತು. ಕೊತ್ತಂಬರಿ ಎರಡು ಬೆರಳು ಎದ್ದು ಮಲಗಿತು. ನಡುಮಧ್ಯೆ ನೆಟ್ಟ ಒಂದೇ ಒಂದು ಬದನೆ ಗಿಡ ಮಾತ್ರ ಎದೆಮಟ್ಟ ಬೆಳೆದು ಕಾಯಿ ಬಿಟ್ಟಿದ್ದೇ ಬಿಟ್ಟಿದ್ದು. ಅಂಥ ರುಚಿಯ ಬದನೆಕಾಯಿಯನ್ನು ಅವಳು ಜನ್ಮದಲ್ಲಿ ತಿಂದಿರಲಿಲ್ಲ. ನಾಲ್ಕು ಸಲ ಎಣ್ಣೆಗಾಯಿ ಮಾಡಿದಳು, ಒಂದು ಡಬ್ಬಿ ತಮ್ಮನ ಮನೆಗೂ ಹೋಯಿತು. ಬೆಳಿಗ್ಗೆ ಎದ್ದು ನೋಡಿದರೆ ಮಣ್ಣಿನ ಮೇಲೆ ತೆಳ್ಳಗೆ ಬಿಳಿ ಹೊಪ್ಪಳಿಕೆ ಇರುತ್ತಿತ್ತು. ನೀರು ಹಾಕಿದಾಗ ಹಸಿ ಮಣ್ಣಿನ ವಾಸನೆಯ ಬದಲು ವಿಭೂತಿಯ ವಾಸನೆ ಏಳುತ್ತಿತ್ತು. ಪೂಜೆ ಮುಗಿಸಿ ನೇರ ಬಂದಿರುತ್ತಿದ್ದಳಲ್ಲ, ತನ್ನ ಕೈಯದೇ ವಾಸನೆ ಇರಬೇಕೆಂದು ಸುಮ್ಮನಾಗುತ್ತಿದ್ದಳು. ಮನುಷ್ಯರಿಗೆ ಬೇಡದ್ದಕ್ಕೆ ಕಾರಣ ಹುಡುಕಿಕೊಳ್ಳುವುದು ಎಷ್ಟು ಸಲೀಸು!

ಮಣ್ಣು ಪರೀಕ್ಷೆ ಮಾಡಿಸು ಎಂದವರು ಅವಳ ಯಜಮಾನರು. ಹೆಬ್ಬಾಳದಲ್ಲಿ ಅವರ ಕಾರ್ಖಾನೆಯ ಹಿಂದಿನ ರಸ್ತೆಯಲ್ಲೇ ಒಂದು ಸಣ್ಣ ಲ್ಯಾಬ್ ಇತ್ತು. ಅದನ್ನು ನಡೆಸುತ್ತಿದ್ದವರು ಸುದರ್ಶನ ಎಂಬ ನಿಧಾನಸ್ಥ ಮನುಷ್ಯ. ಮೊದಲ ದಿನವೇ ಪಾಠ ಮಾಡಿದರು. ಒಂದೇ ಕಡೆ ಬಗೆದು ತರಬಾರದು. ಹತ್ತು ಕಡೆ, ಅಂಕುಡೊಂಕಾಗಿ ನಡೆಯುತ್ತಾ, ಅರ್ಧ ಅಡಿ ಆಳದ ಗುಂಡಿ ತೋಡಿ ಅದರ ಅಂಚಿನ ಮಣ್ಣು ಕೆರೆದು ತೆಗೆಯಬೇಕು. ನೆರಳಲ್ಲಿ ಒಣಗಿಸಿ, ಎಲ್ಲ ಬೆರೆಸಿ, ರೊಟ್ಟಿಯ ಹಾಗೆ ಹರಡಿ ನಾಲ್ಕು ಭಾಗ ಮಾಡಿ ಎದುರುಬದುರಿನ ಎರಡನ್ನು ಚೆಲ್ಲಬೇಕು. ಹೀಗೆಯೇ ಮಾಡುತ್ತಾ ಹೋಗಿ ಕೊನೆಗೆ ಉಳಿದ ಅರ್ಧ ಕೆಜಿ ತಂದರೆ ಸಾಕು. ಅಕ್ಷತಾ ಚಾಚೂ ತಪ್ಪದೆ ಹಾಗೇ ಮಾಡಿದಳು.

ವಾರದ ನಂತರ ವರದಿ ಹಿಡಿದು ಸುದರ್ಶನ ಅವಳನ್ನೊಮ್ಮೆ, ಕಾಗದವನ್ನೊಮ್ಮೆ ನೋಡಿದರು.

"ಮೂಳೆ ಗೊಬ್ಬರ ಎಷ್ಟು ಹಾಕಿದೀರಿ ಮೇಡಂ?"

"ಹಾಕೇ ಇಲ್ವಲ್ಲ. ಬರೀ ಸಗಣಿ ಗೊಬ್ಬರ."

"ರಂಜಕ ನೋಡಿ. ಐವತ್ತೇಳು ದಾಟಿದ್ರೆ ನಾವು ಜಾಸ್ತಿ ಅಂತ ಬರೀತೀವಿ. ಇದರಲ್ಲಿ ಮುನ್ನೂರ ಹತ್ತಿದೆ. ಸುಣ್ಣದ ಅಂಶನೂ ಹಾಗೇ. ರಸಸಾರ ಏಳರ ಹತ್ತಿರ ಇರಬೇಕಾದ್ದು ಎಂಟು ಮುಕ್ಕಾಲಿಗೆ ಹೋಗಿದೆ, ಅಂದ್ರೆ ಮಣ್ಣು ಪೂರ್ತಿ ಕ್ಷಾರ. ಇನ್ನು ಲವಣ..." ಎಂದು ಕನ್ನಡಕ ಸರಿಮಾಡಿಕೊಂಡರು. "ಒಂದರೊಳಗೆ ಇರಬೇಕು, ನಾಲ್ಕಿದೆ. ಸಮುದ್ರದ ದಡದ ಮಣ್ಣಲ್ಲ ತಾನೇ ಇದು? ಯಾರಾದ್ರೂ ಉಪ್ಪಿನ ಮೂಟೆ ಚೆಲ್ಲಿದ್ರಾ?"

ಅಕ್ಷತಾ ನಕ್ಕಳು. ಸುದರ್ಶನ ನಗಲಿಲ್ಲ. ಜಿಪ್ಸಮ್ ಹಾಕಿ, ಎರಡು ತಿಂಗಳು ಚೆನ್ನಾಗಿ ನೀರು ನಿಲ್ಲಿಸಿ ಎಂದರು. ಉಪ್ಪೆಂದರೆ ನೀರಿನ ಜೊತೆ ಕೆಳಗಿಳಿದು ಹೋಗುವಂಥದ್ದು, ಚಿಂತೆ ಬೇಡ ಎಂದರು.

ಅವಳು ದಿನಾ ಸಂಜೆ ಪೈಪು ಹಿಡಿದು ನಿಂತಳು. ನೀರು ಎಲ್ಲ ಕಡೆ ಇಂಗುತ್ತಿತ್ತು. ಬಾಗಿಲಿನ ಎದುರಿನ ಮೂರಡಿ ಜಾಗದಲ್ಲಂತೂ ಹಾಕಿದ್ದೇ ತಡ, ಯಾರೋ ಬೊಗಸೆಯೊಡ್ಡಿ ಕುಡಿದಂತೆ ಗಟಗಟ ಇಳಿಯುತ್ತಿತ್ತು. ಬದನೆ ಗಿಡದ ಬುಡ ಒಂದು ಬೆಳಿಗ್ಗೆ ಕುಸಿದಿತ್ತು. ಮಣ್ಣು ತುಂಬಿ ಮಟ್ಟ ಮಾಡಿದಳು. ಮರುದಿನ ಮತ್ತೆ ಕುಸಿದಿತ್ತು, ಬೆತ್ತದ ಕುರ್ಚಿಯಿಂದ ಯಾರೋ ಈಗಷ್ಟೇ ಎದ್ದುಹೋದ ಮೇಲಿನ ತಗ್ಗಿನ ಹಾಗೆ. ಅವಳು ಅಂದಿನಿಂದ ಹಿಂಬಾಗಿಲಿಗೆ ಬೆನ್ನು ಹಾಕಿ ಅಡುಗೆ ಮಾಡುವುದನ್ನು ಬಿಟ್ಟಳು. ಹೆದರಿಕೆ ಎಂದು ಯಾರಿಗೂ ಹೇಳಲಿಲ್ಲ. ಹೆದರಿಕೆಯೇ ಆಗಿತ್ತು.

ಎರಡನೇ ಸಲ ಸುದರ್ಶನ ಬೇರೆ ದಾರಿ ಹಿಡಿದರು. ಜಾಗವನ್ನು ಮೂರು ಮೂರಡಿಯ ಒಂಬತ್ತು ಚೌಕ ಮಾಡಿ, ಒಂದೊಂದರ ಮಣ್ಣನ್ನೂ ಬೇರೆ ಪೊಟ್ಟಣದಲ್ಲಿ ತನ್ನಿ ಎಂದರು. ಬಾಗಿಲ ಕಡೆಯ ಸಾಲು ಒಂದು, ಎರಡು, ಮೂರು. ನಡುವಿನದು ನಾಲ್ಕು, ಐದು, ಆರು. ಕಾಂಪೌಂಡಿನ ಕಡೆಯದು ಏಳು, ಎಂಟು, ಒಂಬತ್ತು. ಬೆರೆಸಬೇಡಿ ಎಂದು ಎರಡೆರಡು ಸಲ ಹೇಳಿದರು.

ಫಲಿತಾಂಶ ಬಂದ ದಿನ ಅವರು ಅವಳನ್ನು ಕೂರಿಸಿ ಒಂದು ಬಿಳಿ ಹಾಳೆ ತೆಗೆದರು. ಒಂಬತ್ತು ಚೌಕ ಬರೆದರು. ಉಪ್ಪು ಹೆಚ್ಚಿರುವಲ್ಲಿ ಕೆಂಪು ಪೆನ್ನಿನಿಂದ ಗೀಚುತ್ತಾ ಹೋದರು. ಒಂದು, ಮೂರು, ನಾಲ್ಕು, ಆರು, ಏಳು, ಎಂಟು, ಒಂಬತ್ತು. ಸುತ್ತಲೂ ಕೆಂಪಾಯಿತು. ಬಾಗಿಲ ಎದುರಿನ ಎರಡನೇ ಚೌಕ ಬರಿದು, ಅಲ್ಲಿ ಉಪ್ಪಿನ ಲವಲೇಶವೂ ಇಲ್ಲ. ನಡುವಿನ ಐದರಲ್ಲೂ ಉಪ್ಪಿಲ್ಲ. ಆದರೆ ರಂಜಕ, ಸುಣ್ಣ ಇಡೀ ಹಿತ್ತಲಲ್ಲಿ ಎಷ್ಟಿತ್ತೋ ಅಷ್ಟೂ ಅದೊಂದರಲ್ಲೇ ಬಂದು ಸೇರಿತ್ತು.

"ಮೂವತ್ತು ವರ್ಷದಿಂದ ಮಣ್ಣು ನೋಡ್ತಿದೀನಿ" ಎಂದರು ಸುದರ್ಶನ. ಅವರ ದನಿ ತಗ್ಗಿತ್ತು. "ಹೊತ್ತು ತಂದು ಸುರಿದ ಮಣ್ಣಿಗೆ ನಡು, ಅಂಚು ಅಂತ ಇರಲ್ಲ ಮೇಡಂ. ಎಲ್ಲಾ ಬೆರೆತೋಗಿರತ್ತೆ. ಉಪ್ಪಿಟ್ಟು ಮಾಡಿದ್ಮೇಲೆ ರವೆ ಬೇರೆ, ಸಾಸಿವೆ ಬೇರೆ ಮಾಡಕ್ಕಾಗತ್ತಾ? ನಿಮ್ಮ ಮಣ್ಣು ಎರಡು ತಿಂಗಳಲ್ಲಿ ಅದನ್ನ ಮಾಡಿದೆ. ಉಪ್ಪು ಕೆಳಗಿಳೀಬೇಕಿತ್ತು. ಇಳೀದೆ, ಸುತ್ತ ಹೋಗಿ ಗೋಡೆ ಥರ ನಿಂತ್ಕೊಂಡಿದೆ. ಒಂದು ಕಡೆ ಮಾತ್ರ ಬಾಗಿಲು ಬಿಟ್ಟಂಗೆ. ಏನಿದು?"

ಏನೆಂದು ಅಕ್ಷತಾಳಿಗೆ ಆ ಹಾಳೆ ನೋಡಿದ ಕೂಡಲೇ ಗೊತ್ತಾಗಿತ್ತು. ಅವಳ ಮಂದಿಯಲ್ಲಿ ಯಾರಿಗೇ ತೋರಿಸಿದರೂ ಗೊತ್ತಾಗುತ್ತಿತ್ತು. ಗುಂಡಿಯಲ್ಲಿ ಅಪ್ಪಾಜಿಯನ್ನು ಚಕ್ಕಂಬಕ್ಕಳ ಹಾಕಿಸಿ, ಉತ್ತರಕ್ಕೆ ಮುಖ ಮಾಡಿ ಕೂರಿಸಿದ್ದರು. ಎಡ ಅಂಗೈಯಲ್ಲಿ ಇಷ್ಟಲಿಂಗ. ಇಪ್ಪತ್ತೊಂದು ವಿಭೂತಿ ಗಟ್ಟಿ, ಬಿಲ್ವಪತ್ರೆ. ಮೂಟೆ ಮೂಟೆ ಉಪ್ಪನ್ನು ಬೆನ್ನ ಹಿಂದೆ, ಎರಡು ಪಕ್ಕಕ್ಕೆ ಸುರಿದಿದ್ದರು. ಮುಖದ ಎದುರಿಗೆ ಮಾತ್ರ ಕೊನೆಯವರೆಗೂ ಬಿಟ್ಟಿದ್ದರು, ಬಂದವರು ನೋಡಲಿ ಎಂದು. ಈಗ ಆ ಬಿಟ್ಟ ಜಾಗ ಅವಳ ಅಡುಗೆಮನೆಯ ಬಾಗಿಲಿಗೆ ಎದುರಾಗಿತ್ತು.

ಲ್ಯಾಬಿನ ಹೊರಗಿನ ನಲ್ಲಿಯಲ್ಲಿ ಬಾಯಿ ಮುಕ್ಕಳಿಸಿದಳು. ನಾಲ್ಕು ಸಲ ಎಣ್ಣೆಗಾಯಿ. ಮುಕ್ಕಳಿಸಿದಷ್ಟೂ ನಾಲಿಗೆಯ ಮೇಲೆ ಆ ರುಚಿ ಸಿಹಿಯಾಗಿ ಮತ್ತೆ ಮತ್ತೆ ಬಂತು.

ಮನೆಗೆ ಹೋಗದೆ ನೇರ ರಿಂಗ್ ರೋಡಿಗೆ ಹೋದಳು. ಟ್ರ್ಯಾಕ್ಟರುಗಳು ನಿಲ್ಲುವಲ್ಲಿ ಸಣ್ಣಮಾದಯ್ಯ ಬೀಡಿ ಸೇದುತ್ತಾ ಕೂತಿದ್ದ. ಕಂಡವನೇ ಬೀಡಿ ಎಸೆದು ಎದ್ದ.

"ಹೊಲದಲ್ಲಿ ಯಾವ ಕಡೆಯಿಂದ ತಗದ್ರಿ ಮಣ್ಣು?"

"ಆ ಮೂಡಲ ಮೂಲೆಯಿಂದ ಕಣಮ್ಮ. ಬಾಕಿ ಕಡೆಯೆಲ್ಲ ಗಟ್ಟಿ ನೆಲ, ಜೆಸಿಬಿ ಹಲ್ಲು ಮುರ್ದೋಯ್ತದೆ ಅಂದ ಡ್ರೈವರು. ಅಲ್ಲಿ ಮಾತ್ರ ಬೋ ಮೆತ್ತಗಿತ್ತು, ಬೆಣ್ಣೆ ಬಗ್ದಂಗೆ ಬಂತು. ಆಳಕ್ಕೆ ಹೋದಾಗ ಬೆಳ್ಳಗೆ ಏನೋ ಸಿಕ್ತು, ಸುಣ್ಣಕಲ್ಲು ಅಂದ್ಕೊಂಡೊ."

"ಅಲ್ಲಿ ಗುರುತೇನೂ ಇರಲಿಲ್ವಾ?"

"ಒಂದು ಒಣಗೋದ ಪತ್ರೆ ಗಿಡ ಇತ್ತು ಅಷ್ಟೇಯ. ಯಾಕಮ್ಮ? ಮಣ್ಣು ಚೆನ್ನಾಗಿಲ್ವಾ? ಬೇರೆ ಯಾರ್ಗೂ ಒಂದು ಮಕ್ರಿನೂ ಕೊಟ್ಟಿಲ್ಲ. ಎಲ್ಲಾನೂವೆ ಅಕ್ಕನ ಮನೇಗೇ ಹೋಗ್ಬೇಕು ಅಂದಿದ್ರು ನಿಮ್ ತಮ್ಮ."

ಎರಡೂವರೆ ವರ್ಷದ ಹಿಂದೆ ಅಗೆದು ಮುಚ್ಚಿದ ನೆಲ ಮೆತ್ತಗಿರದೆ ಇನ್ನೇನಿರುತ್ತದೆ? ಕಲ್ಲು ಕಟ್ಟಿಸಿದ್ದರೆ ಯಾವ ಜೆಸಿಬಿಯೂ ಆ ಕಡೆ ಮೂತಿ ತಿರುಗಿಸುತ್ತಿರಲಿಲ್ಲ. ಮಣ್ಣು ಚೆನ್ನಾಗಿದೆ ಎಂದು ಸಣ್ಣಮಾದಯ್ಯನಿಗೆ ಹೇಳಿ ಅಕ್ಷತಾ ಹೊರಟಳು. ಪಾಪ, ಅವನ ತಪ್ಪಾದರೂ ಏನು?

ಮರುದಿನವೇ ಅವಳು ಇನ್ನೊಮ್ಮೆ ಒಂಬತ್ತು ಪೊಟ್ಟಣ ಕಟ್ಟಿ ಕೊಟ್ಟುಬಂದಳು. ಕಾಗದ ತಪ್ಪಾಗಿರಲಿ ಎಂಬ ಆಸೆ. ಮುಳುಗುವವನಿಗೆ ಹುಲ್ಲುಕಡ್ಡಿಯೂ ಆಸರೆ. ಆಮೇಲೆ ತಮ್ಮನಿಗೆ ಫೋನು ಮಾಡಿದಳು.

ಸಿದ್ದು ಶನಿವಾರ ಬೆಳಿಗ್ಗೆ ಬಂದ. ಹಾಳೆ ನೋಡಿ ಮೊದಲು ನಕ್ಕ, ಆಮೇಲೆ ಬಯ್ದ, ಆಮೇಲೆ ಅಡುಗೆಮನೆಯ ಮೆಟ್ಟಿಲ ಮೇಲೆ ಕೂತು ಮಗುವಿನ ಹಾಗೆ ಅತ್ತ.

"ಮೂಲೆ ಬಿಟ್ಟಿದೀವಿ ಅಂತ ಲೇಔಟ್‌ನೋರು ಹೇಳಿದ್ರು, ನಾನು ನಂಬಿದೆ. ನೋಡಕ್ಕೆ ಹೋಗ್ಲಿಲ್ಲ ಕಣಕ್ಕ. ಹೋದ್ರೆ ಅಪ್ಪಾಜಿ ಏನಂತಾರೋ ಅಂತ ಹೋಗ್ಲಿಲ್ಲ. ಈಗ ಅಲ್ಲಿ ಟಾರ್ ರಸ್ತೆ ಆಗೋಗಿದೆ."

"ಅಳಬೇಡ. ಈಗೇನು ಮಾಡೋಣ ಹೇಳು."

"ಏನು ಸಿಗತ್ತೋ ಅದನ್ನ ಎತ್ಕೊಂಡು ರುದ್ರಭೂಮಿಗೆ ಹೋಗೋಣ. ಅಯ್ಯನೋರಿಗೆ ನಾನು ಹೇಳ್ತೀನಿ. ಮನೆ ಹಿತ್ತಲಲ್ಲಿ ಗದ್ದುಗೆ ಇಟ್ಕೊಳಕ್ಕಾಗತ್ತಾ? ನಾಳೆ ಮನೆ ಮಾರ್ಬೇಕು ಅಂದ್ರೆ ಯಾರು ತಗೋತಾರೆ?"

ಅದೇ ಮಾತು. ಎರಡು ವರ್ಷದ ಹಿಂದೆ ಆಡಿದ ಅದೇ ಮಾತು, ಹೊಸ ಅಂಗಿ ಹಾಕಿಕೊಂಡು ಬಂದಿತ್ತು. ಅಕ್ಷತಾಳಿಗೆ ಮೈ ಉರಿಯಿತು. ಆದರೂ ಗುದ್ದಲಿ ತಂದು ಅವನ ಕೈಗಿಟ್ಟಳು.

ಹನ್ನೊಂದು ಗಂಟೆಯ ಬಿಸಿಲಲ್ಲಿ ಸಿದ್ದು ಬದನೆ ಗಿಡ ಕಿತ್ತೆಸೆದು ಐದನೇ ಚೌಕ ಅಗೆದ. ಪಕ್ಕದ ಮನೆಯಲ್ಲಿ ಮಿಕ್ಸಿ ಗರಗರ ಎನ್ನುತ್ತಿತ್ತು. ಒಂದಡಿ ಹೋಯಿತು, ಎರಡಡಿ ಹೋಯಿತು. ಮೂಳೆಯಿಲ್ಲ, ವಿಭೂತಿ ಗಟ್ಟಿಯಿಲ್ಲ, ಲಿಂಗವಿಲ್ಲ. ಬರೀ ಕೆಮ್ಮಣ್ಣು. ಅಡಿಯ ಜಲ್ಲಿ ಕಾಣುವವರೆಗೂ ಅಗೆದು ಸಿದ್ದು ಬೆವರೊರೆಸಿಕೊಂಡ. ಅವನ ಮುಖ ಹಗುರವಾಗಿತ್ತು.

"ಏನೂ ಇಲ್ಲ ಕಣಕ್ಕ! ಸುಮ್ನೆ ಒಂದು ಕಾಗದ ನೋಡ್ಕೊಂಡು ಪ್ರಾಣ ತಿಂದ್ಬುಟ್ಟೆ. ತಡಿ, ಉಸ್ಸಪ್ಪಾ, ಒಂದು ನಿಮಿಷ ಕೂತ್ಕೋತೀನಿ."

ಗುಂಡಿಯೊಳಗೇ ಕೂತ. ಮೂರಡಿ ಗುಂಡಿ, ನೆತ್ತಿಯವರೆಗೆ ಸರಿಯಾಯಿತು. ಅಕ್ಷತಾ ನೀರು ತರಲು ಒಳಗೆ ಹೋದಾಗ ಫೋನು ಬಡಿದುಕೊಂಡಿತು. ಸುದರ್ಶನ ಮಾತಾಡಿದರು.

"ಮೇಡಂ, ಒಂಬತ್ತೂ ಆಯ್ತು. ನನಗೇ ನಂಬಿಕೆ ಬರ್ದೆ ಎರಡು ಸಲ ಮಾಡಿದೆ. ರಸಸಾರ ಏಳು. ಉಪ್ಪಿಲ್ಲ, ಹೆಚ್ಚಿನ ರಂಜಕ ಇಲ್ಲ. ಒಂಬತ್ತಕ್ಕೆ ಒಂಬತ್ತೂ ಒಳ್ಳೇ ತೋಟದ ಮಣ್ಣು. ಆದ್ರೆ ವಾರದಲ್ಲಿ ಅಷ್ಟೊಂದು ಎಲ್ಲಿಗೆ ಹೋಯ್ತು? ಹೋಗಕ್ಕೆ ಜಾಗ ಬೇಕಲ್ಲ. ನೀವೇನಾದ್ರೂ..."

ಅವಳು ಕಿಟಕಿಯಿಂದ ಹೊರಗೆ ನೋಡಿದಳು.

ಸಿದ್ದು ಚಕ್ಕಂಬಕ್ಕಳ ಹಾಕಿ ಕೂತಿದ್ದ. ಬೆನ್ನು ನೆಟ್ಟಗಿತ್ತು. ಮುಖ ಬಾಗಿಲ ಕಡೆಗಿತ್ತು. ಎಡಗೈ ಎದೆಯ ಮಟ್ಟಕ್ಕೆ ಬಂದು, ಅಂಗೈ ಮೇಲೆ ಮಾಡಿ ತೆರೆದುಕೊಂಡಿತ್ತು. ತುಟಿಯ ಅಂಚಿನಲ್ಲಿ, ರೆಪ್ಪೆಯ ಮೇಲೆ, ಬೆವರು ಆರಿದಲ್ಲೆಲ್ಲ ಬಿಳಿ ಉಪ್ಪು ಹೆಪ್ಪುಗಟ್ಟುತ್ತಿತ್ತು. ಸುತ್ತ ರಾಶಿ ಹಾಕಿದ್ದ ಮಣ್ಣು ಯಾರೂ ತಳ್ಳದೆ, ಸ್ವಲ್ಪ ಸ್ವಲ್ಪವಾಗಿ, ಅವನ ಬೆನ್ನಿನ ಕಡೆಯಿಂದ, ಪಕ್ಕಗಳಿಂದ ಒಳಗೆ ಜಾರುತ್ತಿತ್ತು. ಎದುರಿಗೆ ಮಾತ್ರ ಜಾರಲಿಲ್ಲ.

"ಸಿದ್ದೂ!"

ಅವನು ಕಣ್ಣು ತೆರೆಯಲಿಲ್ಲ. ಬಾಯಿ ತೆರೆಯಿತು.

"ಮಣ್ಣು ಹಾಕು ಮಗಾ."

ಅವಳನ್ನು ಮಗಾ ಎಂದು ಕರೆಯುತ್ತಿದ್ದವರು ಭೂಮಿಯ ಮೇಲೆ ಒಬ್ಬರೇ ಇದ್ದರು. ದನಿಯಲ್ಲಿ ಕೋಪವಿರಲಿಲ್ಲ. ಬಸ್ಸಿಗೆ ಕಾದು ಕಾದು ಸುಸ್ತಾದವರ ದನಿ ಅದು. ಅಕ್ಷತಾಳಿಗೆ ಹೆದರಿಕೆಗಿಂತ ಹೆಚ್ಚಾಗಿ ನಾಚಿಕೆಯಾಯಿತು. ಕಾಲು ತಾನಾಗಿ ಓಡಿತು. ಗುಂಡಿಗೆ ಹಾರಿ ತಮ್ಮನ ತೆರೆದ ಅಂಗೈಯನ್ನು ಎರಡು ಕೈಯಲ್ಲೂ ಹಿಡಿದಳು. ಅದು ಕಲ್ಲಿನಷ್ಟು ತಣ್ಣಗಿತ್ತು.

"ಅವನಲ್ಲ ಅಪ್ಪಾಜಿ" ಎಂದಳು. ಎರಡು ವರ್ಷದಿಂದ ಮುಚ್ಚಿಟ್ಟಿದ್ದು ಈಗ ಹೊರಗೆ ಬಂತು. "ಅವನು ಕಲ್ಲು ತರಕ್ಕೆ ಹೊರಟಿದ್ದ. ಈಗ ಬೇಡ, ವ್ಯಾಪಾರ ಮುಗೀಲಿ ಅಂದಿದ್ದು ನಾನು. ಈ ಮನೆಗೋಸ್ಕರ ನಾನೇ ಅಂದಿದ್ದು. ಅವನನ್ನ ಬಿಟ್ಬಿಡಿ. ನಿಮ್ಮನ್ನ ಎಲ್ಲೂ ಕಳಿಸಲ್ಲ. ಇಲ್ಲೇ, ಈ ಬಾಗಿಲೆದುರಿಗೇ ಗದ್ದುಗೆ ಕಟ್ಟಿಸ್ತೀನಿ."

ಜಾರುತ್ತಿದ್ದ ಮಣ್ಣು ನಿಂತಿತು. ಪಕ್ಕದ ಮನೆಯ ಮಿಕ್ಸಿಯೂ ನಿಂತಿತ್ತು. ಹಿಡಿದ ಅಂಗೈಗೆ ನಿಧಾನವಾಗಿ ಬಿಸಿ ಬಂತು. ಸಿದ್ದು ಕೆಮ್ಮಿದ, ಉಗಿದ, ಕಣ್ಣು ಬಿಟ್ಟು ಅವಳನ್ನು ಗುರುತು ಸಿಗದವನಂತೆ ನೋಡಿದ.

"ಬಾಯೆಲ್ಲ ಉಪ್ಪು ಕಣಕ್ಕ. ನೀರು ಕೊಡು."

"ಎದ್ದೇಳು. ಮೊದಲು ಮೇಲೆ ಹತ್ತು."

ಬೆನ್ನಿಗೆ ಕೈಕೊಟ್ಟು ತಳ್ಳಿದಳು. ಅವನು ತೆವಳಿಕೊಂಡು ಮೇಲೆ ಹತ್ತಿ, ಮೆಟ್ಟಿಲ ಮೇಲೆ ಬಿದ್ದುಕೊಂಡು ಏದುಸಿರು ಬಿಟ್ಟ. ಆಮೇಲೆ ತಿರುಗಿ ಅಕ್ಕನಿಗೆ ಕೈ ಚಾಚಿದ.

ಅಕ್ಷತಾ ಆ ಕೈ ಹಿಡಿಯಲಿಲ್ಲ. ಅಪ್ಪಾಜಿ ಇಂಥ ಮಾತುಗಳನ್ನು ಹಿಂದೆಯೂ ಕೇಳಿದ್ದರು, ಇದೇ ಮಗಳ ಬಾಯಿಂದಲೇ. ಬರೀ ಮಾತನ್ನು ಅವರು ಇನ್ನು ಒಪ್ಪುವುದಿಲ್ಲ ಎಂದು ಅವಳಿಗೆ ಕಾಲ ಕೆಳಗಿನಿಂದಲೇ ತಿಳಿಯುತ್ತಿತ್ತು. ಸೀರೆಯನ್ನು ಮೊಣಕಾಲಿಗೆ ಸುತ್ತಿಕೊಂಡು, ತಮ್ಮ ಎದ್ದುಹೋದ ತಗ್ಗಿನಲ್ಲೇ ಕೂತಳು. ಅಳತೆ ತೆಗೆದು ಮಾಡಿದಂತೆ ಸರಿಹೋಯಿತು. ಎಡ ಅಂಗೈ ತಾನಾಗಿಯೇ ತೆರೆದುಕೊಂಡಿತು.

"ಅಕ್ಕಾ, ಏನ್ ಮಾಡ್ತಿದೀಯ? ಬಾ ಮೇಲೆ!"

"ಹೋಗು ಸಿದ್ದು. ಅಯ್ಯನೋರನ್ನ ಕರ್ಕೊಂಡು ಬಾ, ಕಲ್ಲು ಕೆಲಸದೋರನ್ನೂ ಕರ್ಕೊಂಡು ಬಾ. ಕಲ್ಲು ಇವತ್ತೇ ಬರ್ಬೇಕು" ಎಂದಳು ಅಕ್ಷತಾ, ಅವನ ಕಡೆ ನೋಡದೆ, ಬಾಗಿಲ ಕಡೆ ನೋಡುತ್ತಾ. "ಅದು ಬರೋವರೆಗೂ ನಾನಿಲ್ಲೇ ಕೂತಿರ್ತೀನಿ."